ಗೋಡೆ ಕಟ್ಟಿ ಉಂಡವರ ಕರಾವಳಿ

(ನಮ್ಮೂರಿನ ಓದುಗರ ಬಳಗದ ತಿಂಗಳ ಸಭೆಯಲ್ಲಿ ಆಡಿದ ಮಾತು ಇದು. ಬರೆದು ಕೊಡಿ ಎಂದು ಹಲವರು ಕೇಳಿದ್ದರಿಂದ, ಅಲ್ಲಿ ಆಡಿದ ಹಾಗೆಯೇ ಆದಷ್ಟೂ ಉಳಿಸಿಕೊಂಡು ಬರೆದಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಮೊದಲು ಒಂದು ಗೋಡೆಯ ವಿಷಯ ಹೇಳಿಬಿಡುತ್ತೇನೆ. ಊಟ, ಪ್ರವಾಸದ ಮಾತು ಕೇಳೋಣ ಅಂತ ಬಂದವರು ಸ್ವಲ್ಪ ತಾಳಬೇಕು.

ಇಟಲಿಯ ವಾಯವ್ಯ ಮೂಲೆಯಲ್ಲಿ ಮನರೋಲಾ ಅಂತ ಒಂದು ಸಣ್ಣ ಊರಿದೆ. ಸಮುದ್ರದ ಬಂಡೆಯ ಮೇಲೆ ಹಳದಿ, ಗುಲಾಬಿ, ಇಟ್ಟಿಗೆ ಬಣ್ಣದ ಮನೆಗಳು ಒಂದರ ಹೆಗಲ ಮೇಲೆ ಒಂದು ಕೂತ ಹಾಗೆ ಕಾಣುವ ಊರು. ಫೋಟೋದಲ್ಲಿ ನೀವು ನೋಡಿಯೇ ಇರುತ್ತೀರಿ. ಆ ಊರಿನ ಹಿಂದಿನ ಗುಡ್ಡ ಹತ್ತಿದರೆ ವೊಲಾಸ್ತ್ರಾ ಅನ್ನುವ ಹಳ್ಳಿ ಸಿಗುತ್ತದೆ. ಸೆಪ್ಟೆಂಬರ್ ಕೊನೆಯ ಒಂದು ಬೆಳಿಗ್ಗೆ ನಾನೂ ನನ್ನ ತಮ್ಮನ ಮಗಳೂ ಆ ದಾರಿ ಹತ್ತುತ್ತಿದ್ದೆವು. ಅವಳು ಆಗ ಜೆನೋವಾದಲ್ಲಿ ಓದುತ್ತಿದ್ದಳು. ದಾರಿಯುದ್ದಕ್ಕೂ ಮೊಣಕಾಲೆತ್ತರದ ದ್ರಾಕ್ಷಿ ಬಳ್ಳಿ. ಒಂದು ಕಡೆ ಎಪ್ಪತ್ತು ದಾಟಿದ ಒಬ್ಬರು ಕುಕ್ಕರಗಾಲಲ್ಲಿ ಕೂತು ಬಿದ್ದ ಗೋಡೆಯ ಕಲ್ಲುಗಳನ್ನು ಬೇರೆ ಬೇರೆ ರಾಶಿ ಮಾಡುತ್ತಿದ್ದರು. ದೊಡ್ಡದು ಒಂದು ಕಡೆ, ಮುಖ ಚಪ್ಪಟೆ ಇರುವುದು ಒಂದು ಕಡೆ, ಸಂದಿಗೆ ತುಂಬುವ ಚೂರು ಇನ್ನೊಂದು ಕಡೆ. ಸಿಮೆಂಟಿಲ್ಲ, ಗಾರೆಯಿಲ್ಲ.

ನಾನು ಮಲೆನಾಡಿನ ಅಡಿಕೆ ತೋಟದ ಮನೆಯಲ್ಲಿ ಬೆಳೆದವಳು. ಧರೆ ಕುಸಿಯದ ಹಾಗೆ ಕಲ್ಲು ಕಟ್ಟುವುದು ಏನು ಕಷ್ಟ ಅಂತ ಚಿಕ್ಕಂದಿನಿಂದ ನೋಡಿದ್ದೇನೆ. ಹಾಗಾಗಿ ಅಲ್ಲಿಯೇ ನಿಂತುಬಿಟ್ಟೆ. "ಅತ್ತೆ, ಹೊತ್ತಾಗ್ತದೆ, ಬಸ್ಸು ತಪ್ಪಿದರೆ ಇಳಿಯೋದೂ ನಡೆದೇ," ಅಂತ ಅವಳು ಕರೆಯುತ್ತಿದ್ದಳು. ನನಗೆ ಕದಲಲು ಮನಸ್ಸಾಗಲಿಲ್ಲ. ಅವಳ ಮೂಲಕ ಕೇಳಿದೆ, ಇದು ಯಾವಾಗ ಬಿದ್ದದ್ದು ಅಂತ. ಹೋದ ಚಳಿಗಾಲದ ಮಳೆಗೆ ಅಂದರು. ಅದರ ಹಿಂದಿನ ಚಳಿಗಾಲದಲ್ಲಿ ಪಕ್ಕದ್ದು ಬಿದ್ದಿತ್ತಂತೆ. ಮುಂದಿನ ಸಲ ಯಾವುದು ಬೀಳುತ್ತದೋ ಅಂತ ಕೈ ಎತ್ತಿ ತೋರಿಸಿದರು. ಅವರು ತೋರಿಸಿದ ಕಡೆ ನೋಡಿದರೆ ಗುಡ್ಡದ ನೆತ್ತಿಯಿಂದ ಸಮುದ್ರದ ತನಕ ಬರೀ ಗೋಡೆ. ಒಂದರ ಕೆಳಗೆ ಒಂದು, ಒಂದರ ಕೆಳಗೆ ಒಂದು. ನಡುವೆ ಎರಡು ಮೂರು ಮಾರು ಅಗಲದ ನೆಲದ ಪಟ್ಟಿ.

ಲಿಗೂರಿಯಾ ಕರಾವಳಿಯ ಊಟ ಯಾಕೆ ಹಾಗಿದೆ ಅನ್ನುವುದಕ್ಕೆ ಉತ್ತರ ನನಗೆ ಸಿಕ್ಕಿದ್ದು ಆ ಗೋಡೆಯ ಹತ್ತಿರ. ಇವತ್ತಿನ ನನ್ನ ಮಾತೆಲ್ಲ ಅದೇ.

ಲಿಗೂರಿಯಾ ಇಟಲಿಯ ಒಂದು ಪ್ರಾಂತ್ಯ. ಅಲ್ಲಿನ ಇಪ್ಪತ್ತು ಪ್ರಾಂತ್ಯಗಳಲ್ಲಿ ಇದಕ್ಕಿಂತ ಚಿಕ್ಕವು ಎರಡೇ. ವಿಸ್ತೀರ್ಣ ಸುಮಾರು 5,400 ಚದರ ಕಿಲೋಮೀಟರ್, ನಮ್ಮ ಉತ್ತರ ಕನ್ನಡ ಜಿಲ್ಲೆಯ ಅರ್ಧ ಅನ್ನಬಹುದು. ಆದರೆ ಕರಾವಳಿ ಮಾತ್ರ ಹೆಚ್ಚು ಕಡಿಮೆ ನಮ್ಮ ಇಡೀ ಕರ್ನಾಟಕದ ಕರಾವಳಿಯಷ್ಟು ಉದ್ದ. ಅಂದರೆ ಏನು? ಉದ್ದ ಇದೆ, ಅಗಲ ಇಲ್ಲ. ಫ್ರಾನ್ಸಿನ ಗಡಿಯಿಂದ ತೊಸ್ಕಾನಾದ ಗಡಿಯ ತನಕ ಬಿಲ್ಲಿನ ಹಾಗೆ ಬಾಗಿದ ಒಂದು ಪಟ್ಟಿ. ಬೆನ್ನಿಗೆ ಬೆಟ್ಟ, ಎದುರಿಗೆ ಸಮುದ್ರ. ಬಿಲ್ಲಿನ ನಡುವೆ ಜೆನೋವಾ ನಗರ. ಅಲ್ಲಿಂದ ಪಶ್ಚಿಮದ ಕರಾವಳಿಗೆ ಪೊನೆಂತೆ ಅನ್ನುತ್ತಾರೆ, ಸೂರ್ಯ ಮುಳುಗುವ ಕಡೆ. ಪೂರ್ವದ್ದು ಲೆವಾಂತೆ, ಸೂರ್ಯ ಹುಟ್ಟುವ ಕಡೆ.

ಇಂಥ ಜಾಗದಲ್ಲಿ ಗೋಧಿ ಬೆಳೆಯಲು ಬಯಲಿಲ್ಲ. ದನ ಮೇಯಿಸಲು ಹುಲ್ಲುಗಾವಲು ಸಾಲದು. ಹಾಗಾಗಿ ಬೆಣ್ಣೆ ಕಡಿಮೆ, ಮಾಂಸ ಕಡಿಮೆ. ಇಟಲಿಯ ಬಯಲು ಸೀಮೆಯ ಶ್ರೀಮಂತ ಅಡುಗೆ ಇಲ್ಲಿ ಹುಟ್ಟಲು ಸಾಧ್ಯವೇ ಇರಲಿಲ್ಲ. ಇದ್ದದ್ದು ಗುಡ್ಡದ ಓರೆಯಲ್ಲಿ ಬದುಕುವ ಆಲಿವ್ ಮರ, ದ್ರಾಕ್ಷಿ, ಕುಂಡದಲ್ಲೂ ಬೆಳೆಯುವ ಸೊಪ್ಪು, ಕಾಡಿನ ಸೊಪ್ಪು, ಬೆಟ್ಟದ ಚೆಸ್ಟ್‌ನಟ್, ಮತ್ತೆ ಸಣ್ಣ ಮೀನು. ಅದರಲ್ಲೇ ಅಡುಗೆ ಮಾಡಬೇಕು. ನೆಲ ಇಲ್ಲದಿದ್ದರೆ ನೆಲವನ್ನೂ ಮಾಡಿಕೊಳ್ಳಬೇಕು. ಸಾವಿರ ವರ್ಷದ ಹಿಂದೆಯೇ ಆ ಜನ ಗುಡ್ಡ ಕಡಿದು, ಸಿಕ್ಕಿದ ಕಲ್ಲು ಪೇರಿಸಿ, ಹಿಂದೆ ಮಣ್ಣು ತುಂಬಿ ಪಟ್ಟಿ ಪಟ್ಟಿಯಾಗಿ ನೆಲ ಮಾಡಿಕೊಳ್ಳಲು ಶುರು ಮಾಡಿದ್ದರು. ಈ ಗೋಡೆಗಳನ್ನೆಲ್ಲ ಉದ್ದಕ್ಕೆ ಜೋಡಿಸಿದರೆ ಸಾವಿರಾರು ಕಿಲೋಮೀಟರ್ ಆಗುತ್ತದೆ.

ಈಗ ಊಟಕ್ಕೆ ಬರೋಣ.

ಪೆಸ್ತೊ ಹೆಸರು ಈಚೆಗೆ ನಮ್ಮಲ್ಲೂ ಕೇಳಿಬರುತ್ತಿದೆ. ಸೂಪರ್ ಮಾರ್ಕೆಟಿನಲ್ಲಿ ಬಾಟಲಿ ಸಿಗುತ್ತದೆ. ದಯವಿಟ್ಟು ಅದನ್ನು ತಿಂದು ಪೆಸ್ತೊ ಇಷ್ಟೇ ಅಂತ ತೀರ್ಮಾನ ಮಾಡಬೇಡಿ. ಪೆಸ್ತಾರೆ ಅಂದರೆ ಅವರ ಭಾಷೆಯಲ್ಲಿ ಕುಟ್ಟುವುದು, ಜಜ್ಜುವುದು. ಅದರಿಂದ ಪೆಸ್ತೊ. ಬೇಕಾದದ್ದು ಏಳು ಸಾಮಾನು: ಬೇಸಿಲ್ ಎಲೆ, ಬೆಳ್ಳುಳ್ಳಿ, ಪೈನ್ ಬೀಜ, ಕಲ್ಲುಪ್ಪು, ಎರಡು ಬಗೆಯ ಹಳೇ ಚೀಸ್, ಆಲಿವ್ ಎಣ್ಣೆ. ಒಲೆ ಬೇಡ.

ಬೇಸಿಲ್ ಅಂದರೆ ನಮ್ಮ ಕಾಮಕಸ್ತೂರಿಯೇ. ಶರಬತ್ತಿಗೆ ಅದರ ಬೀಜ ನೆನೆಸಿ ಹಾಕುತ್ತೇವಲ್ಲ, ಅದೇ ಗಿಡ. ತಳಿ ಮಾತ್ರ ಬೇರೆ. ಜೆನೋವಾದ ಪಶ್ಚಿಮ ಅಂಚಿನಲ್ಲಿ ಪ್ರಾ ಅನ್ನುವ ಬಡಾವಣೆ ಇದೆ. ಅಲ್ಲಿನ ಇಳಿಜಾರಿನ ಗಾಜಿನ ಮನೆಗಳಲ್ಲಿ ಬೆಳೆಯುವ ಬೇಸಿಲ್ಲಿಗೆ ದೊಡ್ಡ ಹೆಸರು. ಜೆನೋವಾ ಬೇಸಿಲ್ಲಿಗೆ 2005ರಲ್ಲಿ ಐರೋಪ್ಯ ಒಕ್ಕೂಟದ ಮೂಲಸ್ಥಳದ ಮನ್ನಣೆ ಸಿಕ್ಕಿತು. ಗಿಡ ಗೇಣುದ್ದ ಆಗುವ ಮೊದಲೇ ಬೇರು ಸಮೇತ ಕಿತ್ತು ಹೂಗುಚ್ಛದ ಹಾಗೆ ಕಟ್ಟಿ ಮಾರುತ್ತಾರೆ. ಎಲೆ ಚಿಕ್ಕದು, ತೆಳು, ಒಳಮುಖವಾಗಿ ದೋಣಿಯಂತೆ ಬಾಗಿರುತ್ತದೆ. ಬಲಿತ ಎಲೆಗೆ ಪುದೀನದ ವಾಸನೆ ಬರುತ್ತದೆ, ಅದು ಅವರಿಗೆ ಸೇರುವುದಿಲ್ಲ.

ಜೆನೋವಾದಲ್ಲಿ ನಾವು ಉಳಿದಿದ್ದ ಮನೆಯ ಒಡತಿ ಒಂದು ಸಂಜೆ ನನ್ನನ್ನು ಅಡುಗೆಮನೆಗೆ ಕರೆದರು. ಅಮೃತಶಿಲೆಯ ಒರಳು, ಸುತ್ತ ನಾಲ್ಕು ಕಿವಿ. ಮರದ ಕುಟ್ಟುಗೋಲು. ಒಂದು ಕೈಯಲ್ಲಿ ಕೋಲು ತಿರುಗಿಸುತ್ತ, ಇನ್ನೊಂದು ಕೈಯಲ್ಲಿ ಒರಳಿನ ಕಿವಿ ಹಿಡಿದು ಎದುರು ದಿಕ್ಕಿಗೆ ತಿರುಗಿಸುತ್ತಾರೆ. ಕುಟ್ಟುವುದಕ್ಕಿಂತ ಅರೆಯುವುದು ಜಾಸ್ತಿ. ಮೊದಲು ಬೆಳ್ಳುಳ್ಳಿ, ಪೈನ್ ಬೀಜ. ಆಮೇಲೆ ಎಲೆ, ಮೇಲೆ ನಾಲ್ಕು ಕಲ್ಲುಪ್ಪು. ಉಪ್ಪಿನ ಹರಳು ಎಲೆಯನ್ನು ಹರಿದು ಹಾಕುತ್ತದೆ. ಹಸಿರು ರಸ ಬಿಟ್ಟ ಮೇಲೆ ಚೀಸ್, ಕೊನೆಗೆ ಎಣ್ಣೆ. ಮಿಕ್ಸಿ ಯಾಕೆ ಬೇಡ ಅಂತ ಕೇಳಿದೆ. ಬ್ಲೇಡಿನ ಬಿಸಿಗೆ, ಒಳಗೆ ಸೇರುವ ಗಾಳಿಗೆ ಎಲೆ ಕಪ್ಪಾಗುತ್ತದೆ, ಕಹಿಯಾಗುತ್ತದೆ ಅಂದರು. ಒರಳಲ್ಲಿ ರುಬ್ಬಿದ ಚಟ್ನಿ ತಿಂದು ಬೆಳೆದವರಿಗೆ ಈ ಮಾತು ಬಿಡಿಸಿ ಹೇಳಬೇಕಾಗಿಲ್ಲ.

ಒರಳಿನ ಬಗ್ಗೆ ಅವರಿಗೆ ಎಷ್ಟು ಅಕ್ಕರೆ ಅಂದರೆ, 2007ರಿಂದ ಜೆನೋವಾದಲ್ಲಿ ಒರಳಿನ ಪೆಸ್ತೊಗೆ ವಿಶ್ವ ಚಾಂಪಿಯನ್‌ಶಿಪ್ಪೇ ನಡೆಯುತ್ತದೆ. ನೂರು ಜನ ಸ್ಪರ್ಧಿಗಳು, ಹಳೇ ಅರಮನೆಯ ದೊಡ್ಡ ಸಭಾಂಗಣ, ನೂರು ಒರಳು.

ಅವತ್ತು ಆಕೆ ಪೆಸ್ತೊವನ್ನು ತ್ರೋಫಿಯೆಗೆ ಕಲಸಿದರು. ಅಂಗೈಯಲ್ಲಿ ಹೊಸೆದ ಶಾವಿಗೆಯ ತುಂಡಿನ ಹಾಗೆ ಇರುವ ಪಾಸ್ತಾ. ಅದನ್ನು ಬೇಯಿಸುವ ನೀರಿಗೇ ಆಲೂಗಡ್ಡೆ, ಹುರುಳಿಕಾಯಿ ಅಂದರೆ ಬೀನ್ಸ್ ಕೂಡ ಹಾಕುತ್ತಾರೆ. ಹೊಟ್ಟೆ ತುಂಬಬೇಕಲ್ಲ, ಹಿಟ್ಟು ದುಬಾರಿ ಇದ್ದ ಕಾಲದ ಉಪಾಯ ಅದು. ಪೆಸ್ತೊವನ್ನು ಒಲೆಯ ಮೇಲೆ ಬಿಸಿ ಮಾಡುವ ಹಾಗಿಲ್ಲ. ಪಾಸ್ತಾ ಬೆಂದ ನೀರು ಎರಡು ಚಮಚ ಹಾಕಿ ಸಡಿಲ ಮಾಡಿಕೊಳ್ಳುವುದು, ಅಷ್ಟೆ. ತಟ್ಟೆ ಎದುರಿಗೆ ಬಂದಾಗ ಬಂದ ಪರಿಮಳ ನನಗೆ ಇನ್ನೂ ಮೂಗಿನಲ್ಲಿದೆ.

ಇಲ್ಲಿ ಒಂದು ಆಶ್ಚರ್ಯ ಗಮನಿಸಿ. ಜೆನೋವಾ ಶತಮಾನಗಳ ಕಾಲ ಸಾಂಬಾರ ಪದಾರ್ಥದ ದೊಡ್ಡ ಮಾರುಕಟ್ಟೆ. ಮೆಣಸು, ಶುಂಠಿ, ಲವಂಗ ಎಲ್ಲ ಅದರ ಹಡಗುಗಳಲ್ಲಿ ಬರುತ್ತಿದ್ದವು. ಕೊಲಂಬಸ್ ಹುಟ್ಟಿದ ಊರು ಅದು. ವಾಸ್ಕೋ ಡ ಗಾಮ ಬರುವ ಮೊದಲೇ, 1490ರ ದಶಕದಲ್ಲಿ, ಹಿಯೆರೋನಿಮೊ ದಿ ಸಾಂತೊ ಸ್ತೆಫಾನೊ ಅನ್ನುವ ಜೆನೋವಾದ ವ್ಯಾಪಾರಿ ಕೆಂಪು ಸಮುದ್ರದ ದಾರಿಯಲ್ಲಿ ಕಲ್ಲಿಕೋಟೆಗೆ ಬಂದಿದ್ದ. ಮೆಣಸಿನ ಬಳ್ಳಿ ಹೇಗಿರುತ್ತದೆ ಅಂತ ಒಂದು ಕಾಗದದಲ್ಲಿ ಬರೆದ. ಇಷ್ಟಾದರೂ ಆ ನಾಡಿನ ಮನೆ ಅಡುಗೆಯಲ್ಲಿ ಮಸಾಲೆ ಇಲ್ಲ ಅನ್ನುವಷ್ಟು ಕಡಿಮೆ! ಅಲ್ಲಿನವರು ಹೇಳುವ ಕಾರಣ ಎರಡು. ಮಸಾಲೆ ಮಾರುವ ಸರಕು, ತಿನ್ನುವುದಲ್ಲ. ಇನ್ನೊಂದು, ತಿಂಗಳುಗಟ್ಟಲೆ ಹಡಗಿನಲ್ಲಿ ಒಣ ಬಿಸ್ಕತ್ತು, ಉಪ್ಪು ಮೀನು ತಿಂದು, ಮಸಾಲೆ ಮೂಟೆಯ ಪಕ್ಕದಲ್ಲೇ ಮಲಗಿ ಬಂದ ನಾವಿಕನಿಗೆ ಮನೆಯಲ್ಲಿ ಬೇಕಾಗುತ್ತಿದ್ದದ್ದು ಹಸಿರು. ಸೊಪ್ಪು, ತರಕಾರಿ, ತೋಟದ ವಾಸನೆ. ಎರಡನೆಯ ಮಾತು ನನಗೆ ತುಂಬ ಹಿಡಿಸಿತು. ಅವರ ಹಬ್ಬದ ಅಡುಗೆಯೂ ಸೊಪ್ಪೇ. ಈಸ್ಟರಿಗೆ ಮಾಡುವ ತೊರ್ತಾ ಪಸ್ಕ್ವಾಲೀನಾ ಅಂದರೆ ಕಾಗದದಷ್ಟು ತೆಳು ಹಿಟ್ಟಿನ ಪದರಗಳ ನಡುವೆ ಸೊಪ್ಪು, ಹುಳಿ ಮೊಸರಿನಂಥ ಚೀಸ್, ಮೊಟ್ಟೆ ಇಟ್ಟು ಬೇಯಿಸಿದ ದೊಡ್ಡ ಕಡುಬು. ಗುಡ್ಡದ ಕಾಡು ಸೊಪ್ಪುಗಳನ್ನು ಬೆರಕೆ ಮಾಡಿ ಪಾಸ್ತಾದ ಹೊಟ್ಟೆಗೆ ತುಂಬಿ, ಆಕ್ರೋಟು ಅರೆದ ಬಿಳಿ ಗೊಜ್ಜಿನ ಜೊತೆ ಕೊಡುವ ಪನ್ಸೋತಿ ಇನ್ನೊಂದು. ನನ್ನ ನಾಲಿಗೆಗೆ ಅದು ಪೆಸ್ತೊಗಿಂತಲೂ ಒಂದು ಕೈ ಮೇಲೆ.

ಜೆನೋವಾದ ಹಳೇ ಪೇಟೆಯ ಗಲ್ಲಿಗಳಿಗೆ ಕರೂಜ್ಜಿ ಅನ್ನುತ್ತಾರೆ. ಎರಡೂ ಕೈ ಚಾಚಿದರೆ ಎರಡೂ ಕಡೆಯ ಗೋಡೆ ತಾಗುವಷ್ಟು ಕಿರಿದು ಕೆಲವು. ಆರೇಳು ಅಂತಸ್ತಿನ ಮನೆಗಳ ನಡುವೆ ಆಕಾಶ ಒಂದು ಗೆರೆ. ಊರು ಎಷ್ಟು ಇಳಿಜಾರು ಅಂದರೆ ಬಸ್ಸಿನ ಹಾಗೆ ಸಾರ್ವಜನಿಕ ಲಿಫ್ಟುಗಳಿವೆ. ಲಿಫ್ಟ್ ಹತ್ತಿ ಮೇಲಿನ ಬೀದಿಗೆ ಹೋಗಬಹುದು. ಪ್ರವಾಸಿಗಳು ಜೆನೋವಾವನ್ನು ಬಿಟ್ಟು ನೇರ ಕಡಲ ಹಳ್ಳಿಗಳಿಗೆ ಓಡುತ್ತಾರೆ. ಹಾಗೆ ಮಾಡಬೇಡಿ, ಮೂರು ದಿನವಾದರೂ ಆ ಊರಿಗೆ ಕೊಡಿ. ಅಲ್ಲಿನ ಹಳೇ ಅರಮನೆ ಬೀದಿಗಳು 2006ರಿಂದ ಯುನೆಸ್ಕೊ ಪಟ್ಟಿಯಲ್ಲಿವೆ. ಜೆನೋವಾ ಆಗ ಒಂದು ಗಣರಾಜ್ಯ. ಅದಕ್ಕೆ ಅತಿಥಿಗಳು ಬಂದರೆ ಯಾವ ಶ್ರೀಮಂತನ ಮನೆಯಲ್ಲಿ ಇಳಿಸಬೇಕು ಅಂತ ಒಂದು ಪಟ್ಟಿ ಇರುತ್ತಿತ್ತಂತೆ. ಆ ಪಟ್ಟಿಯ ಮನೆಗಳು ಇವು.

ಗಲ್ಲಿಗಳಲ್ಲಿ ನಡೆಯುವಾಗ ಕಟ್ಟಿಗೆ ಒಲೆಯ ವಾಸನೆ ಬಂದರೆ ಅದರ ಹಿಂದೆ ಹೋಗಿ. ಅಲ್ಲೊಂದು ಶಮಾದ್ದಾ ಇರುತ್ತದೆ. ಆ ಮಾತಿಗೆ ಬೆಂಕಿಯ ಉರಿ ಅಂತ ಅರ್ಥ. ಬಿಳಿ ಟೈಲ್ಸಿನ ಗೋಡೆ, ದೊಡ್ಡ ಒಲೆ, ನಾಲ್ಕು ಮೇಜು. ಅಲ್ಲಿ ಫರಿನಾತಾ ಸಿಗುತ್ತದೆ. ಕಡಲೆ ಹಿಟ್ಟು, ನೀರು, ಆಲಿವ್ ಎಣ್ಣೆ, ಉಪ್ಪು. ಇಷ್ಟೇ! ನಮ್ಮ ಬೇಸನ್ ಕಪ್ಪು ಕಡಲೆಯದು, ಅವರದ್ದು ಕಾಬೂಲಿ ಕಡಲೆಯದು, ಅಷ್ಟೇ ವ್ಯತ್ಯಾಸ. ನೀರಾಗಿ ಕಲಸಿ ಗಂಟೆಗಟ್ಟಲೆ ಬಿಟ್ಟು, ಮೇಲೆ ಬಂದ ನೊರೆ ತೆಗೆದು, ಕಲಾಯಿ ಹಾಕಿದ ತಾಮ್ರದ ಅಗಲ ಹರಿವಾಣದಲ್ಲಿ ತೆಳುವಾಗಿ ಹೊಯ್ದು ಉರಿಯುವ ಒಲೆಗೆ ತಳ್ಳುತ್ತಾರೆ. ಮೇಲೆ ಬಂಗಾರದ ಬಣ್ಣದ ಗರಿ, ಒಳಗೆ ಮೆತ್ತಗೆ. ಕೈಯಲ್ಲಿ ಹಿಡಿಯಲಾಗದಷ್ಟು ಬಿಸಿ ಇರುವಾಗ ತಿನ್ನಬೇಕು.

ಇದಕ್ಕೊಂದು ಕತೆ ಹೇಳುತ್ತಾರೆ. 1284ರಲ್ಲಿ ಮೆಲೋರಿಯಾ ಅನ್ನುವಲ್ಲಿ ಜೆನೋವಾ ನೌಕಾಪಡೆ ಪೀಸಾವನ್ನು ಸೋಲಿಸಿತು. ಅದು ನಡೆದ ಸಂಗತಿ. ಮುಂದಿನದು ಕತೆ: ಮರಳುವಾಗ ಬಿರುಗಾಳಿಗೆ ಹಡಗಿನ ಕಡಲೆ ಮೂಟೆ, ಎಣ್ಣೆ ಪೀಪಾಯಿ ಒಡೆದು ಸಮುದ್ರದ ನೀರಿನ ಜೊತೆ ಕಲಸಿಹೋಯಿತು. ಹಸಿದವರು ಆ ಗಂಜಿಯನ್ನೇ ಬಿಸಿಲಿಗೆ ಒಣಗಿಸಿ ತಿಂದರು, ರುಚಿ ಕಂಡರು. ಕತೆ ಏನೇ ಇರಲಿ, ತಿಂಡಿ ಮಾತ್ರ ಹಡಗು ಹತ್ತಿ ದೂರ ಹೋಗಿದೆ. ಲಿಗೂರಿಯಾದಿಂದ ವಲಸೆ ಹೋದವರು ಇದನ್ನು ಅರ್ಜೆಂಟೀನಾ, ಉರುಗ್ವೇಗೆ ಒಯ್ದರು. ಬ್ಯೂನಸ್ ಐರಿಸ್‌ನಲ್ಲಿ ಇವತ್ತಿಗೂ ಪಿಜ್ಜಾದ ತುಂಡಿನ ಮೇಲೆ ಫೈನಾದ, ಅಂದರೆ ಇದೇ ಫರಿನಾತಾದ, ತುಂಡಿಟ್ಟು ತಿನ್ನುತ್ತಾರೆ.

ಬೆಳಗಿನ ತಿಂಡಿ ಫೊಕಾಚಾ. ಬೆರಳಿನಲ್ಲಿ ಒತ್ತಿ ಗುಳಿ ಮಾಡಿ, ಗುಳಿಗಳಲ್ಲಿ ಉಪ್ಪುನೀರು, ಎಣ್ಣೆ ನಿಲ್ಲುವ ಹಾಗೆ ಹೊಯ್ದು ಬೇಯಿಸಿದ ಒಂದು ಬೆರಳು ದಪ್ಪದ ರೊಟ್ಟಿ. ತೂಕದ ಲೆಕ್ಕದಲ್ಲಿ ಕತ್ತರಿಸಿ ಕಾಗದದಲ್ಲಿ ಸುತ್ತಿ ಕೊಡುತ್ತಾರೆ. ಜೆನೋವಾದ ಜನ ಇದನ್ನು ಹಾಲು ಹಾಕಿದ ಕಾಫಿಯಲ್ಲಿ ಅದ್ದಿ ತಿನ್ನುತ್ತಾರೆ, ಉಪ್ಪಿನ ಮುಖ ನಾಲಿಗೆಗೆ ತಾಗುವ ಹಾಗೆ ತಿರುಗಿಸಿ! ಕೇಳಿದರೆ ವಿಚಿತ್ರ ಅನಿಸುತ್ತದೆ. ಚಹಾದಲ್ಲಿ ಖಾರಿ ಅದ್ದಿ ತಿನ್ನುವವರು ನಾವು, ಎರಡನೇ ದಿನಕ್ಕೇ ಅಭ್ಯಾಸವಾಯಿತು. ರೆಕ್ಕೊ ಅನ್ನುವ ಊರಿನ ಫೊಕಾಚಾ ಬೇರೆಯೇ. ಹುದುಗು ಇಲ್ಲದ ಎರಡು ತೆಳು ಹಾಳೆ, ನಡುವೆ ಕರಗಿ ಹರಿಯುವ ಹಸಿ ಚೀಸ್. ಆ ಹೆಸರಿನಲ್ಲಿ ಅದನ್ನು ಮಾಡುವ ಹಕ್ಕು ರೆಕ್ಕೊ ಮತ್ತು ಅದರ ಸುತ್ತಲಿನ ಮೂರು ಊರುಗಳಿಗೆ ಮಾತ್ರ.

ಲಾ ಸ್ಪೆತ್ಸಿಯಾ ಬಂದರಿನ ಮೆಸ್ಚುವಾ ಅನ್ನುವ ಗಂಜಿಯ ಬಗ್ಗೆ ಒಂದು ಮಾತು ಹೇಳಲೇಬೇಕು. ಕಾಬೂಲಿ ಕಡಲೆ, ಬಿಳಿ ಹುರುಳಿ ಬೀಜ, ಇಡಿ ಗೋಧಿ, ಮೂರನ್ನೂ ಬೇರೆ ಬೇರೆ ಬೇಯಿಸಿ ಸೇರಿಸಿ, ಮೇಲೆ ಹಸಿ ಎಣ್ಣೆ, ಮೆಣಸಿನ ಪುಡಿ. ಬಂದರಿನಲ್ಲಿ ಮೂಟೆ ಇಳಿಸುವಾಗ ಚೆಲ್ಲಿದ ಕಾಳುಗಳನ್ನು ಕೂಲಿಗಳ ಮನೆಯ ಹೆಂಗಸರು ಗುಡಿಸಿ ತಂದು ಬೇಯಿಸುತ್ತಿದ್ದರು, ಅದೇ ಈ ಅಡುಗೆಯಾಯಿತು ಅನ್ನುತ್ತಾರೆ. ಬಟ್ಟಲು ಎದುರಿಗಿಟ್ಟುಕೊಂಡು ಇದನ್ನು ಕೇಳಿದಾಗ ನನಗೆ ಒಂದು ಕ್ಷಣ ಚಮಚ ಎತ್ತಲಾಗಲಿಲ್ಲ.

ಮೀನು ತಿನ್ನುವವರಿಗೆ ಮೊಂತೆರೊಸ್ಸೊ ಊರಿನ ಆಂಚೊವಿ. ನಮ್ಮ ಮಂಗಳೂರಿನ ಕಡೆಯ ಬೊಳೆಂಜಿರ್ ಇದೆಯಲ್ಲ, ಅದರ ಹಾಗೆಯೇ ಸಣ್ಣ ಮೀನು. ಬೇಸಿಗೆಯ ಕತ್ತಲೆ ರಾತ್ರಿಗಳಲ್ಲಿ ದೋಣಿಗೆ ದೀಪ ಕಟ್ಟಿ, ಬೆಳಕಿಗೆ ಬಂದ ಮೀನಿಗೆ ಬಲೆ ಹಾಕುತ್ತಾರೆ. ತಲೆ ತೆಗೆದು ಉಪ್ಪಿನ ಪದರಗಳಲ್ಲಿ ಒತ್ತಿ ಇಟ್ಟು ತಿಂಗಳುಗಟ್ಟಲೆ ಕಾಯುತ್ತಾರೆ. ಸಮುದ್ರದ ರೊಟ್ಟಿ ಅಂತ ಅದಕ್ಕೆ ಹೆಸರು. ನಾನು ತಿನ್ನುವವಳಲ್ಲ, ತಮ್ಮನ ಮಗಳು ಹೇಳಿದ್ದನ್ನು ನಿಮಗೆ ಹೇಳುತ್ತಿದ್ದೇನೆ: ನಿಂಬೆರಸ, ಆಲಿವ್ ಎಣ್ಣೆ ಹಾಕಿ ಕೊಟ್ಟ ತಾಜಾ ಆಂಚೊವಿಯನ್ನು ಅವಳು ಮೂರು ದಿನ ಬಿಡದೆ ತಿಂದಳು.

ಸಸ್ಯಾಹಾರಿಗಳು ಒಂದು ವಿಷಯದಲ್ಲಿ ಎಚ್ಚರ ಇರಬೇಕು. ಒಂದು ಊರಿನ ಹೋಟೆಲಿನಲ್ಲಿ ಮಾಂಸ ಬೇಡ, ಮೀನು ಬೇಡ ಅಂತ ಸ್ಪಷ್ಟವಾಗಿ ಹೇಳಿಯೂ ನನ್ನ ತಟ್ಟೆಯ ಹಸಿರು ಗೊಜ್ಜಿನಲ್ಲಿ ಅರೆದ ಆಂಚೊವಿ ಇತ್ತು. ಬಡಿಸಿದವರಿಗೆ ಕೆಟ್ಟ ಮನಸ್ಸಿರಲಿಲ್ಲ. ಅವರ ಲೆಕ್ಕದಲ್ಲಿ ಅದು ಮೀನಲ್ಲ, ಉಪ್ಪಿನ ಹಾಗೆ ರುಚಿಗೆ ಹಾಕುವುದು. ಆ ಹೊತ್ತಿಗೆ ನನಗೆ ತುಂಬ ಬೇಸರವಾಯಿತು, ಊಟ ಬಿಟ್ಟು ಎದ್ದೆ. ಆಮೇಲಿಂದ ಆಂಚೊವಿ ಇದೆಯೇ ಅಂತಲೇ ಹೆಸರು ಹಿಡಿದು ಕೇಳುತ್ತಿದ್ದೆ. ಇನ್ನೊಂದು, ಪೆಸ್ತೊಗೆ ಹಾಕುವ ಪಾರ್ಮೆಜಾನ್ ಚೀಸನ್ನು ಕರುವಿನ ಹೊಟ್ಟೆಯಿಂದ ತೆಗೆದ ಹೆಪ್ಪಿನಿಂದ ಮಾಡುತ್ತಾರೆ. ಅದು ಆಗದವರು ಚೀಸ್ ಇಲ್ಲದ ಪೆಸ್ತೊ ಕೇಳಬೇಕು. ಫರಿನಾತಾ, ಈರುಳ್ಳಿ ಫೊಕಾಚಾ, ಕಡಲೆ ಹಿಟ್ಟನ್ನು ಮುದ್ದೆ ಮಾಡಿ ಕತ್ತರಿಸಿ ಕರಿದ ಪನೀಸ್ಸಾ ಇವುಗಳಲ್ಲಿ ಚಿಂತೆ ಇಲ್ಲ. ಹೊಟ್ಟೆ ತುಂಬುತ್ತದೆ.

ಇನ್ನು ಓಡಾಟ. ಪೂರ್ವದ ಕರಾವಳಿಗೆ ರೈಲೇ ಸರಿ. ಜೆನೋವಾದಿಂದ ಲಾ ಸ್ಪೆತ್ಸಿಯಾಕ್ಕೆ 1874ರಲ್ಲಿ ರೈಲು ದಾರಿ ಪೂರ್ತಿಯಾಯಿತು. ಅದರ ಮೊದಲು ಆ ಹಳ್ಳಿಗಳಿಗೆ ದೋಣಿ, ಇಲ್ಲವೇ ಹೇಸರಗತ್ತೆಯ ದಾರಿ. ಸುರಂಗದ ಮೇಲೆ ಸುರಂಗ. ಕತ್ತಲೆ, ಫಕ್ಕನೆ ನೀಲಿ ಸಮುದ್ರ, ಮತ್ತೆ ಕತ್ತಲೆ. ಕೊಂಕಣ ರೈಲಿನಲ್ಲಿ ಹೋದವರಿಗೆ ಆ ಖುಷಿ ಗೊತ್ತು. ದಾರಿಯಲ್ಲಿ ಕಮೋಲಿ ಅನ್ನುವ ಊರಲ್ಲಿ ಇಳಿಯಿರಿ. ಹಿಂದೆ ನೂರಾರು ಹಾಯಿ ಹಡಗುಗಳಿದ್ದ ನಾವಿಕರ ಊರು. ಮನೆಗಳ ಗೋಡೆಯ ಮೇಲೆ ಇಲ್ಲದ ಕಿಟಕಿ, ಇಲ್ಲದ ಕಂಬಗಳನ್ನು ಬಣ್ಣದಲ್ಲಿ ಬರೆದಿರುತ್ತಾರೆ. ಅಲ್ಲಿಂದ ದೋಣಿಯಲ್ಲಿ ಸಾನ್ ಫ್ರುತ್ತುವೋಸೊ ಮಠಕ್ಕೆ ಹೋಗಬಹುದು. ಅದಕ್ಕೆ ವಾಹನದ ದಾರಿಯೇ ಇಲ್ಲ. ಆ ಕೊಲ್ಲಿಯ ತಳದಲ್ಲಿ ಕೈ ಮೇಲೆತ್ತಿ ನಿಂತ ಕ್ರಿಸ್ತನ ಕಂಚಿನ ಪ್ರತಿಮೆಯನ್ನು 1954ರಲ್ಲಿ ಇಳಿಸಿ ಇಟ್ಟಿದ್ದಾರೆ.

ಆಮೇಲೆ ಚಿಂಕ್ವೆ ತೆರ್ರೆ. ಐದು ನೆಲ ಅಂತ ಅರ್ಥ. ಮೊಂತೆರೊಸ್ಸೊ, ವೆರ್ನಾತ್ಸಾ, ಕೊರ್ನೀಲಿಯಾ, ಮನರೋಲಾ, ರಿಯೋಮಜ್ಜೋರೆ. ಇದರಲ್ಲಿ ಕೊರ್ನೀಲಿಯಾ ಒಂದೇ ಕಡಲಿಗೆ ಇಳಿಯದೆ ಬಂಡೆಯ ನೆತ್ತಿಯ ಮೇಲೆ ಕೂತಿದೆ. ಸ್ಟೇಷನ್ನಿನಿಂದ ಮುನ್ನೂರಕ್ಕೂ ಹೆಚ್ಚು ಮೆಟ್ಟಿಲು ಹತ್ತಬೇಕು. ಅದಕ್ಕೇ ಜನ ಕಡಿಮೆ, ನನಗೆ ಹೆಚ್ಚು ಇಷ್ಟವಾದದ್ದೂ ಅದೇ. 1997ರಲ್ಲಿ ಯುನೆಸ್ಕೊ ಈ ಐದು ಊರುಗಳನ್ನು, ಪಕ್ಕದ ಪೊರ್ತೊವೆನೆರೆಯನ್ನು, ಮೂರು ದ್ವೀಪಗಳನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಬಣ್ಣದ ಮನೆ ಚೆಂದ ಅಂತ ಅಲ್ಲ. ಮನುಷ್ಯರು ಗುಡ್ಡದ ಜೊತೆ ಸಾವಿರ ವರ್ಷ ಗೇಯ್ದು ಮಾಡಿದ ನೋಟ ಅದು ಅಂತ. ಸಿಮೆಂಟಿಲ್ಲದ ಕಲ್ಲುಗೋಡೆ ಕಟ್ಟುವ ಕುಶಲತೆಗೇ 2018ರಲ್ಲಿ ಯುನೆಸ್ಕೊ ಬೇರೆ ಮನ್ನಣೆ ಕೊಟ್ಟಿತು, ಇಟಲಿಯೂ ಸೇರಿ ಎಂಟು ದೇಶಗಳಿಗೆ.

ಈಗ ಮೊದಲು ಹೇಳಿದ ಗೋಡೆಗೆ ಬರುತ್ತೇನೆ.

ಗಾರೆ ಯಾಕೆ ಹಾಕುವುದಿಲ್ಲ ಗೊತ್ತಾ? ಬಡತನಕ್ಕಲ್ಲ. ಮಳೆ ನೀರು ಕಲ್ಲಿನ ಸಂದಿಗಳಿಂದ ನಿಧಾನ ಹೊರಗೆ ಹೋಗಬೇಕು. ಸಿಮೆಂಟು ಹಾಕಿ ಮುಚ್ಚಿದರೆ ಹಿಂದಿನ ಮಣ್ಣು ನೀರು ಕುಡಿದು ಭಾರವಾಗಿ ಇಡೀ ಗೋಡೆಯನ್ನೇ ನೂಕುತ್ತದೆ. ಸಂದಿ ಇದ್ದರೆ ಗೋಡೆ ಉಸಿರಾಡುತ್ತದೆ. ಆದರೆ ಅಂಥ ಗೋಡೆಗೆ ಕಾಯುವವರು ಬೇಕು. ಒಂದು ಕಲ್ಲು ಜಾರಿದರೆ ಆ ವರ್ಷವೇ ಕೂರಿಸಬೇಕು. ಬಿಟ್ಟರೆ ಮುಂದಿನ ವರ್ಷ ಹತ್ತು ಕಲ್ಲು, ಆಮೇಲೆ ಧರೆಗೆ ಧರೆಯೇ. ಕಳೆದ ನೂರು ವರ್ಷದಲ್ಲಿ ಜನ ಕೆಲಸ ಹುಡುಕಿ ಲಾ ಸ್ಪೆತ್ಸಿಯಾದ ಕಾರ್ಖಾನೆಗಳಿಗೆ, ದೂರ ದೇಶಗಳಿಗೆ ಹೋದರು. ಬೆನ್ನ ಮೇಲೆ ದ್ರಾಕ್ಷಿ ಬುಟ್ಟಿ ಹೊತ್ತು ಗುಡ್ಡ ಹತ್ತುವ ಕೆಲಸ ಯಾರಿಗೆ ಬೇಕು? ತೋಟಗಳನ್ನು ಕಾಡು ನುಂಗಿತು. ಈಗ ಗೇಯುತ್ತಿರುವುದು ಹಿಂದಿನ ನೆಲದ ಒಂದು ಸಣ್ಣ ಪಾಲು.

2011ರ ಅಕ್ಟೋಬರ್ 25ರಂದು ಆ ಗುಡ್ಡಗಳ ಮೇಲೆ ಕೆಲವೇ ಗಂಟೆಗಳಲ್ಲಿ ಭಾರೀ ಮಳೆ ಸುರಿಯಿತು. ಬೇಸಿಗೆಯಿಡೀ ಕಾದ ಸಮುದ್ರದ ತೇವದ ಗಾಳಿ ಬೆಟ್ಟಕ್ಕೆ ಬಡಿದು ಅಲ್ಲಿ ಶರತ್ಕಾಲದಲ್ಲಿ ಹೀಗೆ ಆಗುತ್ತದೆ. ಧರೆಗಳು ಕುಸಿದವು. ಮಣ್ಣು, ಮರ, ಕಲ್ಲು ಹಳ್ಳದಲ್ಲಿ ಇಳಿದು ವೆರ್ನಾತ್ಸಾದ ಮುಖ್ಯ ಬೀದಿಯನ್ನು ಅಂಗಡಿಗಳ ಬಾಗಿಲಿನೆತ್ತರಕ್ಕೆ ಮುಚ್ಚಿದವು. ಮೊಂತೆರೊಸ್ಸೊದಲ್ಲೂ ಹಾಗೆಯೇ. ಜೀವಗಳು ಹೋದವು. ಮರು ವರ್ಷ ಸೆಪ್ಟೆಂಬರಿನಲ್ಲಿ ರಿಯೋಮಜ್ಜೋರೆ ಮತ್ತು ಮನರೋಲಾ ನಡುವಿನ ಹೆಸರಾಂತ ಪ್ರೇಮದ ಹಾದಿಯ ಮೇಲೆ ಬಂಡೆ ಉರುಳಿತು. ಒಂದು ಕಿಲೋಮೀಟರ್ ಉದ್ದದ ಆ ದಾರಿ ಮತ್ತೆ ಪೂರ್ತಿ ತೆರೆಯಲು 2024ರ ತನಕ ಹಿಡಿಯಿತು. ನಾವು ಫೋಟೋ ತೆಗೆಯುವ ಊರು ನಿಂತಿರುವುದು ಮೇಲಿನ ತೋಟದ ಗೋಡೆಯ ಬಲದಿಂದ. ಕೊಡಗಿನಲ್ಲಿ, ಶಿರಾಡಿಯಲ್ಲಿ ಧರೆ ಕುಸಿದದ್ದು ನೋಡಿದ ನಮಗೆ ಇದನ್ನು ಹೆಚ್ಚು ವಿವರಿಸುವುದು ಬೇಡ.

ಆದ್ದರಿಂದ ಹೋಗುವವರಿಗೆ ನನ್ನ ವಿನಂತಿ. ಬೆಳಿಗ್ಗೆ ಬಂದು ಐದೂ ಊರು ಮುಟ್ಟಿ ಸಂಜೆ ಹೊರಡಬೇಡಿ. ಹಡಗಿನಲ್ಲಿ ಬರುವ ಸಾವಿರಾರು ಜನ ಹಾಗೇ ಮಾಡುತ್ತಾರೆ, ಮಧ್ಯಾಹ್ನ ಪ್ಲಾಟ್‌ಫಾರಂ ಮೇಲೆ ನಿಲ್ಲಲು ಜಾಗ ಇರುವುದಿಲ್ಲ. ಎರಡು ರಾತ್ರಿ ಉಳಿಯಿರಿ. ದುಬಾರಿ ಅನಿಸಿದರೆ ಪಕ್ಕದ ಲೆವಾಂತೊದಲ್ಲಿ ಉಳಿಯಿರಿ, ಅಲ್ಲಿ ಹಳೇ ರೈಲು ಸುರಂಗಗಳೊಳಗೆ ಸೈಕಲ್ ದಾರಿಯೂ ಇದೆ. ಏಪ್ರಿಲ್, ಮೇ ಮೊದಲ ವಾರಗಳು ಒಳ್ಳೆಯದು. ಸೆಪ್ಟೆಂಬರ್ ಕೊನೆಯೂ ಒಳ್ಳೆಯದು, ಆದರೆ ಅಕ್ಟೋಬರಿಗೆ ಹೋದಂತೆ ಮಳೆಯ ಎಚ್ಚರಿಕೆ ನೋಡಿಕೊಂಡೇ ನಡೆಯಿರಿ, ಆ ದಿನ ಕಾಲುದಾರಿ ಮುಚ್ಚುತ್ತಾರೆ. ಸರಿಯಾದ ಶೂ ಇರಲಿ. ಮುಖ್ಯವಾಗಿ ಗೋಡೆ ಹತ್ತಬೇಡಿ, ಫೋಟೋಕ್ಕಾಗಿ ಕೂಡ.

ಅಲ್ಲಿನ ತೋಟದ ಎಣ್ಣೆ, ಜೇನು, ಉಪ್ಪಿನ ಮೀನು, ವೈನ್, ಏನು ನಿಮಗೆ ಆಗುತ್ತದೋ ಅದನ್ನು ಅಲ್ಲಿಯವರಿಂದಲೇ ಕೊಳ್ಳಿ. ಶಾಕ್ಕೆತ್ರಾ ಅನ್ನುವ ಸಿಹಿ ವೈನ್ ಇದೆ. ಕೊಯ್ದ ದ್ರಾಕ್ಷಿಯನ್ನು ನೆರಳಲ್ಲಿ ವಾರಗಟ್ಟಲೆ ಒಣಗಿಸಿ, ಒಂದೊಂದೇ ಹಣ್ಣು ಆರಿಸಿ ಹಿಂಡಿದ್ದು. ಬೆಲೆ ಜಾಸ್ತಿ. ಆದರೆ ಆ ಬಾಟಲಿಯ ದುಡ್ಡಿನಲ್ಲೇ ಬಿದ್ದ ಗೋಡೆ ಮೇಲೇಳುತ್ತದೆ. ಅವತ್ತು ವೊಲಾಸ್ತ್ರಾ ದಾರಿಯಲ್ಲಿ ಆ ಹಿರಿಯರಿಗೆ ನಾನೊಂದು ಚಪ್ಪಟೆ ಕಲ್ಲು ಎತ್ತಿ ಕೊಟ್ಟೆ. ಅವರು ಅದನ್ನು ತಿರುಗಿಸಿ ನೋಡಿದರು, ಬೇಡ ಅಂತ ತಲೆಯಾಡಿಸಿ ಇನ್ನೊಂದು ರಾಶಿಗೆ ಹಾಕಿದರು. ಎರಡನೆಯದನ್ನು ಮಾತ್ರ ಇಟ್ಟುಕೊಂಡರು. ಅದು ಈಗ ಆ ಗೋಡೆಯಲ್ಲಿ ಇದೆ.

ಸಭೆಯ ಕೊನೆಗೆ ಒಬ್ಬರು ಕೇಳಿದರು, ಅಷ್ಟು ದೂರ ಹೋಗಲಾಗದವರು ಮನೆಯಲ್ಲಿ ಏನು ಮಾಡಿ ನೋಡಬಹುದು ಅಂತ. ಫರಿನಾತಾ ಮಾಡಿ. ಒಂದು ಪಾಲು ಕಡಲೆ ಹಿಟ್ಟಿಗೆ ಮೂರು ಪಾಲು ನೀರು, ಉಪ್ಪು. ಗಂಟಿಲ್ಲದ ಹಾಗೆ ಕಲಸಿ ನಾಲ್ಕೈದು ಗಂಟೆ ಬಿಡಿ. ನೊರೆ ತೆಗೆಯಿರಿ. ಓವನ್ನನ್ನು ಅದು ಎಷ್ಟು ಕಾಯುತ್ತದೋ ಅಷ್ಟು ಕಾಯಿಸಿ. ಅಗಲ ತಟ್ಟೆಗೆ ಧಾರಾಳ ಎಣ್ಣೆ ಹಾಕಿ, ಹಿಟ್ಟನ್ನು ಅರ್ಧ ಬೆರಳು ದಪ್ಪಕ್ಕಿಂತ ಜಾಸ್ತಿ ಆಗದ ಹಾಗೆ ಹೊಯ್ಯಿರಿ. ಅಂಚು ಕೆಂಪಾಗುವ ತನಕ ಬೇಯಲಿ. ಓವನ್ ಇಲ್ಲದವರು ಕಾವಲಿಯಲ್ಲಿ ಮುಚ್ಚಿ ಬೇಯಿಸಬಹುದು, ಮೇಲಿನ ಗರಿ ಮಾತ್ರ ಬರುವುದಿಲ್ಲ. ಕತ್ತರಿಸಿ, ಬಿಸಿ ಇರುವಾಗಲೇ ಮೇಲೆ ಕಾಳುಮೆಣಸು ಕುಟ್ಟಿ ಉದುರಿಸಿ. ಆ ಮೆಣಸು ಹೇಗೂ ನಮ್ಮ ಕಡೆಯಿಂದಲೇ ಅವರಿಗೆ ಹೋದದ್ದು.